ಕಂಚಿನ ರಾಜನ ಎಡಗೈ

ಗುರುವಾರ, ಮಧ್ಯಾಹ್ನ
ಮನೆಯಿಂದ

ಪ್ರೀತಿಯ ಮಗನಿಗೆ,

ಕಳೆದ ಭಾನುವಾರ ಬೆಳಿಗ್ಗೆ, ನಾಟಕ ಮಂದಿರದ ಹೆಬ್ಬಾಗಿಲಲ್ಲಿ, ಅಷ್ಟೂ ಜನರ ಎದುರು, ನೀನು ನಿನ್ನ ಅತ್ತೆಯ ಎಡಗೈಯನ್ನು ನಿನ್ನ ತಾತನಿಗೆ ದಾನ ಮಾಡಿಬಿಟ್ಟೆ. ರಾಜನ ವೇಷದ ತಾತನ ಕಂಚಿನ ಪ್ರತಿಮೆಯ ಮೇಲಿನ ಬಟ್ಟೆ ಸರಿಸಿ ಮೈಕ್ ಹಿಡಿದೆ. ಎಡಗೈಯಿಂದ ಶಾಲು ಬೀಸುವ ಈ ಭಂಗಿ ನಮ್ಮ ವಂಶದ ಆಸ್ತಿ, ತಾತನಿಂದ ನೇರವಾಗಿ ನನ್ನ ರಕ್ತಕ್ಕೆ ಬಂದದ್ದು ಎಂದೆ. ಜನ ಚಪ್ಪಾಳೆ ತಟ್ಟಿದರು. ನಾನು ತಟ್ಟಲಿಲ್ಲ. ನೀನು ಶಾಲೆಯ ನಾಟಕದಲ್ಲಿ ಮರವಾಗಿ ನಿಂತಿದ್ದಕ್ಕೂ ಅಂಗೈ ಕೆಂಪಾಗುವಂತೆ ತಟ್ಟಿದವಳು ನಾನು.

ನಿನಗೆ ಗೊತ್ತಿಲ್ಲದ್ದನ್ನು ನಾನೇನೂ ಬರೆಯುತ್ತಿಲ್ಲ. ಗೊತ್ತಿದ್ದೂ ಗೊತ್ತಿಲ್ಲದವನ ಹಾಗೆ ನಿಂತೆಯಲ್ಲ, ನನ್ನ ಸಿಟ್ಟು ಅದಕ್ಕೆ. ಆದರೂ ಮೊದಲಿಂದ ಬರೆಯುತ್ತೇನೆ. ನಿನ್ನ ಮಕ್ಕಳು ಮುಂದೊಂದು ದಿನ ಕೇಳಿದರೆ ಈ ಕಾಗದ ಕೊಡು.

ಆ ರಾಜನ ನಾಟಕವನ್ನು ನಾನು ಹತ್ತು ವರ್ಷದ ಹುಡುಗಿಯಾಗಿದ್ದಾಗ ಅಪ್ಪನ ಪಕ್ಕ ಮುಂದಿನ ಬೆಂಚಿನಲ್ಲಿ ಕೂತು ನೋಡಿದೆ. ಕಂಪನಿ ನಿನ್ನ ತಾತನದು, ರಾಜನ ಪಾತ್ರವೂ ಅವರದೇ. ಮನೆಯ ಹೆಂಗಸರು ಬಟ್ಟೆ ಹೊಲಿಯಬಹುದು, ಪರದೆಯ ಹಿಂದೆ ನಿಂತು ಹಾಡಬಹುದು, ಮಾತು ಮರೆತ ನಟನಿಗೆ ಪಿಸುಗುಟ್ಟಿ ಹೇಳಿಕೊಡಬಹುದು. ರಂಗದ ಮೇಲೆ ಮಾತ್ರ ಕಾಲಿಡಬಾರದು. ಇದು ಅವರ ಕಟ್ಟುನಿಟ್ಟು. ಆ ವರ್ಷ ಹಂಗಾಮಿನ ನಡುವೆ ಅವರಿಗೆ ಟೈಫಾಯಿಡ್ ಬಂತು. ನಾಟಕ ನಿಂತರೆ ಕಂಪನಿಯೇ ಮುಚ್ಚಬೇಕು. ಹಿರಿಯ ಮಗಳು, ಅಂದರೆ ನಿನ್ನ ಸೋದರತ್ತೆ, ತನ್ನ ಅಪ್ಪನಷ್ಟೇ ಎತ್ತರ, ದನಿಯೂ ದಪ್ಪ, ಪಿಸುಗುಟ್ಟಿ ಪಿಸುಗುಟ್ಟಿ ಇಡೀ ನಾಟಕ ಬಾಯಿಪಾಠ. ಗಡ್ಡ ಅಂಟಿಸಿ, ಕಿರೀಟ ಇಟ್ಟು, ತಾತನ ಹೆಸರಿನಲ್ಲೇ ಅವರನ್ನು ರಂಗಕ್ಕೆ ನೂಕಿದರು.

ನಿನ್ನ ಅತ್ತೆ ಎಡಚರು. ಆಸ್ಥಾನದ ದೃಶ್ಯದಲ್ಲಿ ಆ ರಾಜ ಎಡಗೈಯಿಂದ ಶಾಲು ಬೀಸಿ ತಿರುಗಿದಾಗ ನಮ್ಮ ಪಕ್ಕದಲ್ಲಿದ್ದ ಗಡಿಯಾರ ರಿಪೇರಿಯವನು ಕೂತಲ್ಲಿಂದ ಎದ್ದುನಿಂತುಬಿಟ್ಟ. ಹಿಂದಿನವರು ಬೈದರೂ ಕೂರಲಿಲ್ಲ; ಕೊನೆಗೆ ಬೈದವರೂ ನಾವೂ ಎದ್ದುನಿಂತೆವು. ಪತ್ರಿಕೆಯವರು ಬಂದು ಪಟ ತೆಗೆದದ್ದು ಆ ಹಂಗಾಮಿನಲ್ಲೇ. ಆ ಪಟ ನೋಡಿಯೇ ನಿಮ್ಮ ಶಿಲ್ಪಿ ಕಂಚು ಎರೆದದ್ದು.

ಜ್ವರ ಬಿಟ್ಟಮೇಲೆ ತಾತ ಒಂದು ದಿನ ಕಂಬಳಿ ಹೊದ್ದು ಬಂದು ಪರದೆಯ ಪಕ್ಕ ನಿಂತು ಮಗಳ ನಾಟಕ ನೋಡಿದರಂತೆ. ಮುಗಿದಮೇಲೆ ಹೇಳಿದ್ದು ಇಷ್ಟೇ: "ಚೆನ್ನಾಗಿತ್ತು. ಇನ್ನು ಸಾಕು."

ಅಲ್ಲಿಗೆ ಒಬ್ಬ ನಟಿಯ ವೃತ್ತಿಜೀವನ ಮುಗಿಯಿತು. ಆದರೆ ಜನ ಬಿಡಬೇಕಲ್ಲ. ರಾಜನ ಎಡಗೈ ಎಲ್ಲಿ ಎಂದು ಕೂಗಿದರು. ಬಲಗೈ ಅಭ್ಯಾಸದ ಮನುಷ್ಯ, ಪಾಪ, ಮಗಳನ್ನು ನೋಡಿ ಕಲಿಯಬೇಕಾಯಿತು. ಎರಡು ಸಲ ಶಾಲು ಕಿರೀಟಕ್ಕೆ ಸಿಕ್ಕಿಕೊಂಡು ರಾಜ ಬೋಳುತಲೆಯಲ್ಲಿ ತೀರ್ಪು ಕೊಟ್ಟನೆಂದು ನಿನ್ನಪ್ಪನೇ ನಗುನಗುತ್ತಾ ಹೇಳುತ್ತಿದ್ದರು. ಮನೆಯೊಳಗೆ ಎಲ್ಲರಿಗೂ ಗೊತ್ತಿದ್ದ ಮಾತು, ಹೊಸಿಲು ಮಾತ್ರ ದಾಟಲಿಲ್ಲ.

ನಾನು ಈ ಮನೆಗೆ ಸೊಸೆಯಾಗಿ ಬಂದ ಹೊಸತರಲ್ಲಿ, ಒಂದು ಬೆಳಿಗ್ಗೆ ಮಹಡಿಯ ಮೇಲೆ ನಿನ್ನ ಅತ್ತೆ, ನನ್ನ ಅತ್ತಿಗೆ, ಒದ್ದೆ ಹೊದಿಕೆಯನ್ನು ತಂತಿಯ ಮೇಲೆ ಬೀಸಿ ಹಾಕಿದರು. ಎಡಗೈಯಲ್ಲಿ. ನನ್ನ ಕೈಯ ಬಕೆಟ್ಟು ಹಾಗೇ ನಿಂತಿತು. ಆ ರಾಜ ನೀವೇನಾ ಎಂದು ಕೇಳಿದೆ. ಅವರು ನನ್ನನ್ನು ದಿಟ್ಟಿಸಿ ನೋಡಿ, ಬಟ್ಟೆ ಹಿಂಡು, ನೀರು ಸೋರುತ್ತಿದೆ ಎಂದರು.

ಇನ್ನು ನಿನ್ನ ಕಥೆ. ನಿನ್ನ ಮೊದಲ ಮೂರು ಸಿನಿಮಾಗಳು ಮಕಾಡೆ ಮಲಗಿದವು. ವಂಶದ ಹೆಸರು ದೊಡ್ಡದು, ಹುಡುಗನ ಮೈ ಕೊರಡು ಎಂದು ಬರೆದರು. ನೀನು ಕೋಣೆ ಸೇರಿ ಚಿಲಕ ಹಾಕಿಕೊಂಡೆ. ಬಾಗಿಲು ತಟ್ಟಿ ನಿನ್ನನ್ನು ಎಬ್ಬಿಸಿದವರು ಯಾರು? ಹೊಲಿಗೆ ಕೋಣೆಯ ಮೇಜು ಗೋಡೆಗೆ ಸರಿಸಿ, ಅಳತೆ ಟೇಪಿನಿಂದ ನಿನ್ನ ಬಲಗೈಯನ್ನು ಸೊಂಟಕ್ಕೆ ಕಟ್ಟಿ, ತಾತನ ಶಾಲು ಎಡಗೈಗೆ ಕೊಟ್ಟವರು ಯಾರು? ನಾನು ಕಾಫಿ ಹಿಡಿದು ಬಾಗಿಲಲ್ಲಿ ನಿಂತಿರುತ್ತಿದ್ದೆ. "ಕೈಯಲ್ಲಿ ಬೀಸಬೇಡ್ವೋ ಕತ್ತೆ, ಬೆನ್ನಲ್ಲಿ ಬೀಸು" ಎಂದು ಅವರು ಅಂದದ್ದು ನನ್ನ ಕಿವಿಯಲ್ಲಿ ಇನ್ನೂ ಇದೆ. ನಿನ್ನ ಕಿವಿಯಲ್ಲಿ ಇಲ್ಲವೇ?

ಆಮೇಲೆ ನೀನು ರಾಜನಾದೆ. ನಾಟಕ, ಸಿನಿಮಾ, ಪ್ರಶಸ್ತಿ, ತಂಪು ಪಾನೀಯದ ಜಾಹೀರಾತು; ನಮ್ಮ ಬಸ್ ನಿಲ್ದಾಣದ ಎದುರು ಎರಡು ಅಂತಸ್ತಿನೆತ್ತರದ ನೀನು ಎಡಗೈಯಲ್ಲಿ ಬಾಟಲಿ ಎತ್ತಿ ನಿಂತಿದ್ದೀಯ. ಪ್ರತಿ ಸಂದರ್ಶನದಲ್ಲೂ ತಾತ ಕನಸಿನಲ್ಲಿ ಬಂದು ಕಲಿಸಿದರು ಎನ್ನುತ್ತೀಯ. ತಾತ ಹೋದಾಗ ನಿನಗಿನ್ನೂ ಹಾಲುಹಲ್ಲು. ಅದನ್ನು ಓದಿ ಹೇಳಿದಾಗ ನಿನ್ನ ಅತ್ತೆ ನಗುತ್ತಿದ್ದರು, ಹುಡುಗ ಕಥೆ ಚೆನ್ನಾಗಿ ಕಟ್ಟುತ್ತಾನೆ ಎಂದು. ಅವರೇ ನಗುವಾಗ ನಾನೇಕೆ ಮುಖ ಗಂಟು ಹಾಕಲಿ ಎಂದುಕೊಂಡಿದ್ದೆ.

ಭಾನುವಾರ ಆ ನಗು ನಿಂತಿತು. ಸಭೆ ಮುಗಿದಮೇಲೆ ಅವರು ಮೆಲ್ಲಗೆ ಪ್ರತಿಮೆಯ ಹತ್ತಿರ ಹೋಗಿ ತಲೆ ಎತ್ತಿ ನೋಡುತ್ತಾ ನಿಂತರು. ನಿನ್ನ ಫೋಟೋದವನು ಕೈ ಆಡಿಸಿದ.

"ಅಜ್ಜಿ, ಸ್ವಲ್ಪ ಪಕ್ಕಕ್ಕೆ ಬನ್ನಿ, ಪ್ರತಿಮೆ ಮರೆಯಾಗ್ತಿದೆ."

ನೀನು ಅಲ್ಲೇ ಇದ್ದೆ. ಕೈಚಾಚಿದರೆ ಅವರ ಭುಜ ಸಿಗುವಷ್ಟು ಹತ್ತಿರ. ನಿನಗೆ ಕೇಳಿಸಿತು, ನಿನ್ನ ಮುಖ ಓದುವುದು ನನಗೆ ಗೊತ್ತಿಲ್ಲವೇ? ಕಪ್ಪು ಕನ್ನಡಕ ಸರಿಮಾಡಿಕೊಂಡು ಕ್ಯಾಮೆರಾದ ಕಡೆ ನಕ್ಕೆ. ಅವರು ಪಕ್ಕಕ್ಕೆ ಸರಿದರು. ಅರವತ್ತು ವರ್ಷದಿಂದ ಸರಿದೇ ಅಭ್ಯಾಸ.

ಸಂಜೆ ಫೋನು ಮಾಡಿದರೆ ನೀನು ನನಗೇ ಪಾಠ ಹೇಳಿದೆ. ತಾತ ಎಂದರೆ ಈಗ ಒಂದು ಬ್ರ್ಯಾಂಡಂತೆ. ತಾತನ ಜೀವನದ ಸಿನಿಮಾ ಶುರುವಾಗಿದೆ, ತಾತನಾಗಿ ನೀನೇ ನಟಿಸುತ್ತಿದ್ದೀಯ, ಈಗ ಅದು ತಾತನಲ್ಲ ಅತ್ತೆ ಎಂದರೆ ಜನ ನಗುತ್ತಾರಂತೆ, ನಿರ್ಮಾಪಕರು ಕೈ ಎತ್ತುತ್ತಾರಂತೆ. ಕೊನೆಗೆ, "ಅತ್ತೆಗೂ ಇದೆಲ್ಲ ಬೇಡಮ್ಮ, ಬೇಕಾದ್ರೆ ಕೇಳಿ ನೋಡು" ಎಂದೆ. ಶಾಟ್ ರೆಡಿ ಎಂದು ಫೋನಿಟ್ಟೆ. ಯಾವ ಸೆಟ್ಟಿನಲ್ಲಪ್ಪಾ ಹಿಂದೆ ಕುಕ್ಕರ್ ಕೂಗುತ್ತದೆ?

ಕೇಳಿ ನೋಡಿದೆ. ಅವರು ಸೂಜಿಗೆ ದಾರ ಪೋಣಿಸುತ್ತಿದ್ದರು. ಪೋಣಿಸಿ ಮುಗಿಸಿಯೇ ತಲೆ ಎತ್ತಿದರು.

"ಯಾರಾದ್ರೂ ಕೇಳಿದ್ರೆ ತಾನೇ ಬೇಕು, ಬೇಡ ಅನ್ನೋದು? ಇಷ್ಟು ವರ್ಷದಲ್ಲಿ ಕೇಳಿದ್ದು ನೀನೇ ಮೊದಲು. ಬೇಕು."

ಈಗ ಹೇಳು. ಜನ ನಗುತ್ತಾರೆ ಎನ್ನುತ್ತೀಯಲ್ಲ, ಆ ಜನರಲ್ಲಿ ನಾನೂ ಒಬ್ಬಳಾಗಿದ್ದೆ. ನಾವು ನಗಲಿಲ್ಲ, ಎದ್ದುನಿಂತೆವು. ನಿನ್ನ ತಾತನಿಂದ ನಾನೇನೂ ಕಿತ್ತುಕೊಳ್ಳುತ್ತಿಲ್ಲ. ಅವರು ಕಂಪನಿ ಕಟ್ಟಿದರು, ನೂರು ಸಂಸಾರ ಸಾಕಿದರು. ಅವರಿಗೊಂದು ಪ್ರತಿಮೆ ಬೇಕೇ ಬೇಕು. ಅವರದೇ ಬಲಗೈ ಇಟ್ಟು ಮಾಡಿಸಿ.

ಬರುವ ಭಾನುವಾರ ಅದೇ ಮಂದಿರದಲ್ಲಿ ನಿನಗೆ ಪ್ರಶಸ್ತಿ ಕೊಡುತ್ತಾರೆ. ಅಲ್ಲಿ, ಅದೇ ಮೈಕಿನಲ್ಲಿ, ಈ ರಾಜ ಯಾರು, ನಿನಗೆ ಕಲಿಸಿದವರು ಯಾರು ಎಂದು ಹೇಳು. ಈಗಿರುವ ಪ್ರತಿಮೆಯ ಕೆಳಗಿನ ಫಲಕದಲ್ಲಿ ನಿನ್ನ ಅತ್ತೆಯ ಹೆಸರು ಕೆತ್ತಿಸು. ನೀನು ಹೇಳದಿದ್ದರೆ ನಾನು ಸಭೆಯಲ್ಲಿ ಎದ್ದು ಕೇಳುತ್ತೇನೆ. ಗ್ರಂಥಾಲಯದಲ್ಲಿ ಕೂತು ಜೀವಮಾನವಿಡೀ ಊರಿನವರನ್ನೆಲ್ಲ ಸುಮ್ಮನಿರಿಸಿದವಳು ನಾನು. ನನ್ನನ್ನು ಸುಮ್ಮನಿರಿಸುವವರು ಆ ಸಭೆಯಲ್ಲಿ ಯಾರಿದ್ದಾರೆ ನೋಡೋಣ.

ಹೊತ್ತಿಗೆ ಸರಿಯಾಗಿ ಊಟ ಮಾಡು.

ಇಷ್ಟು ಸಿಟ್ಟಿನಲ್ಲೂ ನಿನ್ನವಳೇ ಆದ
ಅಮ್ಮ

ಮರೆತ ಮಾತು: ನಿನ್ನೆ ಅತ್ತಿಗೆ ಪ್ರತಿಮೆಯನ್ನು ಇನ್ನೊಮ್ಮೆ ನೋಡಬೇಕೆಂದರು. ಆಟೋದಲ್ಲಿ ಹೋದೆವು. ಯಾರೂ ಇರಲಿಲ್ಲ, ಗೇಟಿನ ಕಾವಲುಗಾರ ಒಬ್ಬನೇ. ಮೂಗು ಅಪ್ಪನದು ಇಟ್ಟಿದ್ದಾರೆ ಎಂದರು. ಆಮೇಲೆ ಸೆರಗನ್ನೇ ಶಾಲು ಮಾಡಿಕೊಂಡು, ಆ ಕಂಚಿನ ಎದುರು ನಿಂತು, ಒಂದೇ ಒಂದು ಸಲ ಎಡಗೈ ಬೀಸಿದರು. ಕಾವಲುಗಾರ ಕೂತಲ್ಲಿಂದ ಎದ್ದುಬಿಟ್ಟ. "ಅಜ್ಜಿ, ನಮ್ಮ ಹೀರೋ ಸ್ಟೈಲ್ ಅಷ್ಟೂ ಕಲ್ತುಬಿಟ್ಟಿದೀರಲ್ಲ!" ಎಂದ. ಅವರು ಸೆರಗು ಸರಿಮಾಡಿಕೊಂಡು ನನ್ನ ಕಡೆ ತಿರುಗಿದರು. ನಿನ್ನ ಮಗ ಬೀಸುವಾಗ ಈಗಲೂ ಭುಜ ಮೇಲೆತ್ತುತ್ತಾನೆ, ತಿದ್ದಿಕೊಳ್ಳಲು ಹೇಳು ಎಂದರು. ಹೇಳಿದ್ದೇನೆ. ಭಾನುವಾರ ಅವರನ್ನು ಕರೆದುಕೊಂಡು ಬರುತ್ತೇನೆ. ನಿನ್ನ ಉತ್ತರ ನನಗೆ ಫೋನಿನಲ್ಲಿ ಬೇಡ, ಕಾಗದದಲ್ಲೂ ಬೇಡ. ಗೇಟಿನಲ್ಲಿರುವ ಆ ಕಾವಲುಗಾರನಿಗೂ ಕೇಳಿಸುವ ಹಾಗೆ ಹೇಳು.