ಚಳಿಗಾಲದ ಬಿಸಿಲಿಗೊಂದು ಪದ

ಬಸವೇಶ್ವರನಗರ
ಡಿಸೆಂಬರ್ 14

ಕಾಂತರಾಜು ಅಂಕಲ್‌ಗೆ ಮೊದಲನೇ ಮಹಡಿಯ ವಚನಾಳ ನಮಸ್ಕಾರ.

ಟೆರೇಸಿನ ಬೀಗದ ಕೈ ಸಂಕ್ರಾಂತಿಯವರೆಗೆ ನಮ್ಮ ಹತ್ತಿರ ಇರಲಿ ಎಂದು ಕೇಳಲು ಈ ಪತ್ರ. ದಿನಾ ಬೆಳಿಗ್ಗೆ ಎಂಟರಿಂದ ಒಂಬತ್ತು, ಅಪ್ಪನ ಕುರ್ಚಿ ಒಂದೇ. ಬಟ್ಟೆ ಒಣಹಾಕುವುದಿಲ್ಲ.

ಸ್ಟ್ರೋಕ್ ಆದ ಮೇಲೆ ಅಪ್ಪ ನಾಲ್ಕು ತಿಂಗಳು ಮಾತೇ ಆಡಿರಲಿಲ್ಲ. ಮೊನ್ನೆ ಭಾನುವಾರ ಟ್ಯಾಂಕ್ ತೊಳೆಸಲು ನೀವು ಬಾಗಿಲು ತೆಗೆಸಿದ್ದಿರಲ್ಲ, ಆಗ ಅವರನ್ನು ಮೇಲೆ ಕೂರಿಸಿದ್ದೆ. ಬಿಸಿಲು ಮೊಣಕಾಲಿಗೆ ಬರುತ್ತಲೇ “ಅಪ್ರಿಸಿಟಿ” ಅಂದರು. ಸ್ಪಷ್ಟವಾಗಿ ಅಂದರು. ನನಗೆ ಅರ್ಥವಾಗದೆ ಅವರ ಹಳೆಯ ನೋಟ್‌ಬುಕ್ ಹುಡುಕಿದೆ. ಚಳಿಗಾಲದ ಬಿಸಿಲಿನ ಹಿತವಾದ ಕಾವು ಎಂದು ಬರೆದಿತ್ತು. ಈಗ ಯಾರೂ ಬಳಸದ ಪದವಂತೆ. ಮೂವತ್ತು ವರ್ಷ ಇಂಗ್ಲಿಷ್ ಮೇಷ್ಟ್ರಾಗಿದ್ದ ಅಪ್ಪ, ಸ್ವಂತ ವಾಕ್ಯದಲ್ಲಿ ಬಳಸುವ ತನಕ ಯಾವ ಪದಕ್ಕೂ ರೈಟ್ ಮಾರ್ಕ್ ಹಾಕುತ್ತಿರಲಿಲ್ಲ. ಇದರ ಮುಂದೆ ವಾಕ್ಯದ ಜಾಗ ಖಾಲಿಯಿದೆ.

ಸ್ಟ್ರೋಕಿಗೆ ಮುಂಚೆ, ಮೆಟ್ಟಿಲ ಹತ್ತಿರ ನೀವು ಅಂಟಿಸಿದ್ದ ಇಂಗ್ಲಿಷ್ ನೋಟಿಸನ್ನು ಅಪ್ಪ ಕೆಂಪು ಪೆನ್ನಿನಲ್ಲಿ ತಿದ್ದಿದ್ದರು. “ಮನೆ ನಂದು, ನೋಟಿಸೂ ನಂದು, ಮೇಷ್ಟ್ರೇ” ಅಂದಿರಿ. ಟೆರೇಸಿಗೆ ಬೀಗ ಬಿದ್ದದ್ದು ಆಮೇಲೆಯೇ. ತಪ್ಪು ನಮ್ಮದೇ, ಒಪ್ಪುತ್ತೇನೆ.

ಬೇಕಿದ್ದರೆ ಅಲ್ಲಿ ಇನ್ನೊಂದು ನೋಟಿಸ್ ಅಂಟಿಸಿ ಅಂಕಲ್. ತಪ್ಪುಗಳಿದ್ದರೆ ಇರಲಿ, ಇದ್ದರೇ ಒಳ್ಳೆಯದು. ಕೆಂಪು ಪೆನ್ನನ್ನು ದಿನಾ ಅಪ್ಪನ ಜೇಬಿಗೆ ಸಿಕ್ಕಿಸಿಯೇ ಮೇಲೆ ಕರೆದುಕೊಂಡು ಹೋಗುತ್ತೇನೆ.

ಇಂತಿ,
ಗುರುಸಿದ್ದಯ್ಯ ಮೇಷ್ಟ್ರ ಮಗಳು
ವಚನಾ