ಕಾರಿನಡಿಯ ಯು-ಕ್ಲ್ಯಾಂಪ್

ಮಾರ್ಚ್ ೧೪, ಗುರುವಾರ

ಆ ಅಯೋಗ್ಯ ಮೆಕ್ಯಾನಿಕ್‌ನ ಮುಖ ಇನ್ನು ನೋಡುವುದಿಲ್ಲ. ಹಳೆ ಕಾರಿನ ಸೈಲೆನ್ಸರ್ ಕೊಳವೆಯ ಕೀಲಿಗೆ ಸುತ್ತಲೂ ಸಮನಾಗಿ ಹಿಡಿಯುವ ಅಗಲ ಪಟ್ಟಿಯ ಕ್ಲ್ಯಾಂಪೇ ಹಾಕಬೇಕೆಂದು ಮೂರು ತಿಂಗಳ ಹಿಂದೆ ಅಳತೆ ಸಮೇತ ಚೀಟಿ ಬರೆದುಕೊಟ್ಟಿದ್ದೆ. ಅವನು ಕೈಗೆ ಸಿಕ್ಕ ಯು-ಕ್ಲ್ಯಾಂಪ್, ಅಂದರೆ U ಆಕಾರಕ್ಕೆ ಬಗ್ಗಿಸಿದ ಸಣ್ಣ ಸರಳಿನ ಹಿಡಿಕೆ, ಹಾಕಿ, ಕೊಳವೆ ನಜ್ಜುಗುಜ್ಜಾಗುವಷ್ಟು ಬಿಗಿದಿದ್ದಾನೆ. ಇಂದು ಕಾರಿನಡಿ ಮಲಗಿ ನೋಡಿದರೆ ಕೀಲಿನ ಸುತ್ತ ಮಸಿ. ಅಲ್ಲಿ ಸೋರಿದ ಹೊಗೆ ನೇರ ಹಿಂದಿನ ಸೀಟಿಗೆ, ಅಂದರೆ ಅಕ್ಕನ ಮೂಗಿಗೆ.

ಹೋಗಿ ಕೇಳಿದರೆ, "ಗಾಡಿಗೆ ವಯಸ್ಸಾಯ್ತಲ್ಲ ಸಾರ್, ಕಿಟಕಿ ಇಳಿಸ್ಕೊಂಡು ಓಡ್ಸಿ" ಅಂದ. ಆರು ವರ್ಷದ ಹಿಂದೆ ಬ್ರೇಕ್ ಕೆಟ್ಟಾಗ "ನಿಧಾನಕ್ಕೆ ಓಡ್ಸಿ" ಅಂದವನೂ ಇವನೇ. ನಾನೇನೂ ಮರೆತಿಲ್ಲ.

ಸಂಜೆ ಬೇರೆ ಕಡೆ ಕೊಳವೆಯ ತುಂಡು ಬದಲಿಸಿ, ಅಗಲ ಪಟ್ಟಿಯನ್ನು ಎದುರಿಗೇ ನಿಂತು ಹಾಕಿಸಿದೆ. ಈಗ ಸೋರುತ್ತಿಲ್ಲ.

"ನಿನ್ನ ಕಾರು ಹತ್ತಿದ್ರೇ ತಲೆನೋವು ಶುರುವಾಗತ್ತೆ ಕಣೋ" ಎಂದು ಅಕ್ಕ ಮೂರು ತಿಂಗಳಿಂದ ಹೇಳುತ್ತಲೇ ಇದ್ದಳು. "ಬದಲಿಸ್ಬೇಕಾಗಿರೋದು ಕಾರಲ್ಲ, ನಿನ್ನ ಕನ್ನಡಕ" ಎಂದು ನಕ್ಕವನು ನಾನು. ಪಾಪ, ನಂಬಿ ಬದಲಿಸಿಯೂ ಬಿಟ್ಟಳು. ತಪ್ಪಾಯಿತು ಎಂದು ಇಲ್ಲಿ ಬರೆಯುವುದಕ್ಕೇ ಕೈ ಏಳುತ್ತಿಲ್ಲ, ಇನ್ನು ನಾಳೆ ಅವಳ ಎದುರು ನಿಂತು ಹೇಗೆ ಹೇಳಲಿ?