ತಾರ್ಮಕ್ಕೆ ಹೋಗುವ ದಾರಿ

ಬೆಲ್ವಾರ
ಮತ್ತಿ ಮೀನಿನ ತಿಂಗಳು, ಹುಣ್ಣಿಮೆಯ ಮಾರನೆಯ ದಿನ

ಮಗಳು ಇಲ್ಮಾಳಿಗೆ ಅಮ್ಮನ ಪ್ರೀತಿ.

ನಿನ್ನ ಕಾಗದ ಕೈಸೇರಿ ಬಹಳ ದಿನವಾಯಿತು. ಉತ್ತರ ತಡವಾಯಿತೆಂದು ಮುನಿಸಿಕೊಳ್ಳಬೇಡ. ಅಂಚೆಯ ದೋಣಿ ನಿಮ್ಮ ಕೊಸ್ಟ್ರಾಕ್ಕೆಂದು ಹೊರಟು, ಎಲ್ಲಿಯೂ ತಿರುಗದೆ ನೇರ ಹೋಗಿ, ಮತ್ತೆ ನಮ್ಮ ಬಂದರಿಗೇ ಬಂದು ನಿಂತಿತು. ಹೋದ ವರ್ಷ ಬೆಳಗಿನ ಗಂಜಿ ಕುಡಿದು ಹೊರಟರೆ ಮಧ್ಯಾಹ್ನದ ಊಟಕ್ಕೆ ನಿಮ್ಮ ಮನೆಯಲ್ಲಿರುತ್ತಿದ್ದೆವು. ಈಗ ದಾರಿ ಮತ್ತೆ ಸಿಕ್ಕಿದೆಯಂತೆ, ಆದರೆ ನಡುವಿನ ಕಡಲು ಹಿಗ್ಗಿದೆ. ಹೊಟ್ಟೆಯಲ್ಲಿರುವ ಕೂಸು ಒದೆಯುತ್ತದೆಯೇ? ಅಪ್ಪ ತೊಟ್ಟಿಲಿಗೆ ಮರ ಕೊಯ್ಯುತ್ತಿದ್ದಾರೆ.

ತಮ್ಮ ರೆಸ್ಕೊ ಯಾಕೆ ಬರೆಯುವುದಿಲ್ಲ ಎಂದು ಕೇಳಿದ್ದೀಯ. ಅದನ್ನು ಹೇಳಲೆಂದೇ ಕುಳಿತೆ.

ಚಳಿ ಇಳಿಯುವ ಹೊತ್ತಿಗೆ ತಾರ್ಮ ದ್ವೀಪ ನಮ್ಮಿಂದ ಕಳಚಿಕೊಳ್ಳುತ್ತಿದೆ ಎಂಬ ಸುದ್ದಿ ಬಂತು. ಅದರ ಸುತ್ತ ತಳದಲ್ಲಿ ಚಿಪ್ಪಿನ ಚೂರು ಹರಡಿರುವ ನೀರಿನ ಪಟ್ಟಿ ಇದೆಯಲ್ಲ, ಅದು ದಿನದಿನಕ್ಕೂ ಕಿರಿದಾಗುತ್ತಿತ್ತು. ಅದೊಂದು ಮುಚ್ಚಿಹೋದರೆ ಅಲ್ಲಿಗೆ ದಾರಿಯೇ ಇಲ್ಲ. ಜನರನ್ನು ಕರೆತನ್ನಿ ಎಂದು ಊರ ಹಿರಿಯರು ಹೇಳಿದರು. ನನ್ನದೊಂದು ದೋಣಿ, ರೆಸ್ಕೊನದೊಂದು ದೋಣಿ ಹೊರಟವು.

ಎಂದಿನಂತೆ ಮೇಣ ಮೆತ್ತಿದ ಸೀಸದ ಗುಂಡನ್ನು ನೀರಿಗಿಳಿಸಿ, ತಳದಿಂದ ಏನು ಅಂಟಿಕೊಂಡು ಬಂತೆಂದು ನೋಡುತ್ತ ಹೋದೆವು. ಮೊದಲು ಕೆಂಪು ಮರಳು, ಆಮೇಲೆ ಕಪ್ಪು ಕೆಸರು, ಆಮೇಲೆ ಚಿಪ್ಪು, ಕೊನೆಗೆ ತಾರ್ಮದ ಬಂಡೆ. ದೂರ ಎಷ್ಟು ಹಿಗ್ಗಿದರೂ ಕುಗ್ಗಿದರೂ ಯಾವುದರ ಪಕ್ಕಕ್ಕೆ ಯಾವುದು ಎಂಬುದು ತಪ್ಪಿರಲಿಲ್ಲ. ನಮ್ಮಪ್ಪ ನನಗೆ, ನಾನು ನಿಮ್ಮಿಬ್ಬರಿಗೆ ಕಲಿಸಿದ್ದು ಅಷ್ಟೇ ತಾನೆ. ರೆಸ್ಕೊ ಕೆಸರನ್ನು ಮೂಸಿ ನೋಡಿ, "ಅಮ್ಮ, ನಿನ್ನ ಮೀನಿನ ಸಾರೂ ಹೀಗೇ ನಾರತ್ತೆ" ಎಂದು ಆ ದೋಣಿಯಿಂದ ಕೂಗಿದ. ಅವನ ಕುಚೋದ್ಯ ನಿನಗೆ ಗೊತ್ತು.

ತಾರ್ಮದವರು ಹಾಸಿಗೆ, ಮೇಕೆ, ಬೀಸುವ ಕಲ್ಲು ಎಲ್ಲ ಹೊತ್ತು ದಡಕ್ಕೆ ಬಂದಿದ್ದರು. ಮನುಷ್ಯರಿಗೆ ಮಾತ್ರ ಜಾಗ ಎಂದೆ. ಬೈದುಕೊಂಡೇ ಹತ್ತಿದರು. ಬಾರದೆ ಉಳಿದವಳು ಮುರೇನಜ್ಜಿ ಒಬ್ಬಳೇ. ಗಂಡನ ಗೋರಿಯ ಪಕ್ಕದಲ್ಲಿ ಕಾಲು ಚಾಚಿ ಕುಳಿತಿದ್ದಳು.

"ನಾ ಬರಲ್ಲ ಕಣವ್ವ. ದ್ವೀಪ ದೂರಕ್ಕೆ ಹೋಗ್ತದೆ, ಸಾಯೋಕೇನೂ ಹೋಗ್ತಿಲ್ಲವಲ್ಲ. ಅದರ ಜೊತೆ ನಾನೂ ಇರ್ತೀನಿ."

ಎತ್ತಿಕೊಂಡು ಹೋಗಿಬಿಡೋಣ ಎಂದು ನಾನೆಂದೆ. ರೆಸ್ಕೊ ಒಪ್ಪಲಿಲ್ಲ. "ನೀ ಹೊರಡಮ್ಮ, ದೋಣೀಲಿ ಮಕ್ಕಳು ಅಳ್ತಿದಾವೆ. ಅಜ್ಜೀನ ಒಪ್ಪಿಸ್ಕೊಂಡು ನಿನ್ನ ಹಿಂದೇನೇ ಬರ್ತೀನಿ" ಎಂದ. ಜನರೆಲ್ಲ ನನ್ನ ದೋಣಿಯಲ್ಲೇ ಹಿಡಿಸಿದ್ದರು. ನಾನು ಹೊರಟೆ.

ಚಿಪ್ಪು ದಾಟಿದೆ. ಕೆಸರಿನ ಮೇಲೆ ನಿಂತು ಕಾದೆ. ಅವನ ಹಾಯಿ ಕಾಣಲಿಲ್ಲ. ದೋಣಿಯನ್ನು ಹಿಂದಕ್ಕೆ ತಿರುಗಿಸಿ ಗುಂಡು ಇಳಿಸಿದೆ. ಕೆಸರು ಮುಗಿದ ಕೂಡಲೇ ಚಿಪ್ಪು ಬರಬೇಕಿತ್ತು, ಬಂದದ್ದು ಕೆಂಪು ಮರಳು. ನಮ್ಮ ಊರಿನ ಕಡೆಯ ಮರಳು. ಇನ್ನೊಮ್ಮೆ ಇಳಿಸಿದೆ. ಮತ್ತೆ ಅದೇ. ಚಿಪ್ಪಿನ ಪಟ್ಟಿ ಮುಚ್ಚಿಹೋಗಿತ್ತು. ಮೇಣದಿಂದ ಮರಳನ್ನು ಒರೆಸುತ್ತಲೇ ಇದ್ದೆ, ಕೈ ನಿಲ್ಲುತ್ತಿರಲಿಲ್ಲ. ಕೂಸನ್ನು ಮಡಿಲಲ್ಲಿಟ್ಟುಕೊಂಡಿದ್ದ ಒಬ್ಬ ಹುಡುಗಿ ಮೆಲ್ಲಗೆ, "ಅಕ್ಕಾ, ನಿಮ್ಮ ಮಗ..." ಎಂದಳು.

"ಸರಿಯಾಗಿ ಕೂತ್ಕೊ, ದೋಣಿ ವಾಲತ್ತೆ" ಎಂದೆ.

ಎಲ್ಲರನ್ನೂ ದಡ ಮುಟ್ಟಿಸಿದೆ. ತಾರ್ಮದವರು ಈಗ ಉಪ್ಪಿನ ಕೊಟ್ಟಿಗೆಗಳಲ್ಲಿ ಒಲೆ ಹೂಡಿದ್ದಾರೆ. ಆ ಹುಡುಗಿ ನನ್ನನ್ನು ಕಂಡರೆ ತಲೆ ತಗ್ಗಿಸುತ್ತಾಳೆ. ಅಪ್ಪ ನೀರು ಕಾಯಿಸಿ ನನ್ನ ಕಾಲು ತೊಳೆದರು. ಕಡಲು ಇನ್ನೊಂದು ಸಲ ಮಗ್ಗುಲು ಬದಲಿಸಿದರೆ ದಾರಿ ತೆರೆದೀತು ಎಂದು ದೋಣಿಯವರೆಲ್ಲ ಹೇಳುತ್ತಾರೆ. ನಾನೂ ಹಾಗೇ ಹೇಳುತ್ತೇನೆ.

ಇದನ್ನು ಓದಿ ಹೊರಟು ಬರಬೇಡ. ತುಂಬಿದ ಬಸುರಿ, ಈ ನೀರನ್ನು ನಂಬಬೇಡ. ಬೆಚ್ಚಗಿರು, ಬಾರ್ಲಿ ಗಂಜಿ ಬಿಡದೆ ಕುಡಿ. ಹೆರಿಗೆ ಸುಖವಾಗಲಿ, ಕೂಸಿಗೆ ಕಾಲ ಕೆಳಗಿನ ನೆಲ ಗಟ್ಟಿಯಾಗಿರಲಿ.

ನಿನ್ನ ಅಮ್ಮ,
ಒರೆಲ್ಯ

ಮರೆತ ಮಾತು: ಮರೆತದ್ದಲ್ಲ, ಮೇಲೆ ಬರೆಯಲಾಗಲಿಲ್ಲ. ಅಪ್ಪನಿಗೂ ಹೇಳಿಲ್ಲ. ಮೋಡವಿಲ್ಲದ ಬೆಳಿಗ್ಗೆ ನಮ್ಮ ಗುಡ್ಡದ ತುದಿಯಿಂದ ತಾರ್ಮ ಕಾಣುತ್ತದೆ, ಅಂಗಳದಾಚೆಗಿನ ಮನೆಯಷ್ಟು ಹತ್ತಿರ. ಕೂಗಿದರೆ ಕೇಳಿಸುವುದಿಲ್ಲ. ದೋಣಿ ಬಿಟ್ಟರೆ ನಮ್ಮ ಬಂದರಿಗೇ ಬಂದು ಸೇರುತ್ತೇನೆ. ಮೊದಮೊದಲು ರೆಸ್ಕೊ ದಡಕ್ಕೆ ಬಂದು ಕೈ ಎತ್ತುತ್ತಿದ್ದ, ನಾನೂ ಎತ್ತುತ್ತಿದ್ದೆ. ಈಗ ಮುರೇನಜ್ಜಿ ಕಾಣುವುದಿಲ್ಲ, ಗೋರಿಯ ಪಕ್ಕ ಹೊಸ ಮಣ್ಣು ಎದ್ದಿದೆ. ಅವನೊಬ್ಬನೇ ಇದ್ದಾನೆ. ದೋಣಿಯ ಹಲಗೆ ಕಿತ್ತು ಮನೆ ಕಟ್ಟುತ್ತಿದ್ದಾನೆ, ಇಲ್ಮಾ. ಇವತ್ತು ಬಾಗಿಲು ನಿಲ್ಲಿಸಿದ. ಅದರ ಮುಖ ನಮ್ಮ ಕಡೆಗೆ ಇಲ್ಲ.